ಹಳೇ ಆಟಕ್ಕೆ ಮರುಹುಟ್ಟು ಕೊಡೋದಾದರೆ ನಮ್ಮ ಕನ್ನಡ ಶಾಲೆಯಲ್ಲಿ ಕೊಡೋಣ



ಕನ್ನಡ ಶಾಲೆಯ ಮೇಷ್ಟ್ರಿಗೆ ವಿಡಿಯೋ ಗೇಮಿನ ಉಸಾಬರಿ ಯಾಕೆ ಅಂತ ಕೇಳುವವರು ಕೇಳಲಿ. ಮಕ್ಕಳ ಕೈ ಎಲ್ಲಿ ಆಡುತ್ತದೋ ಮೇಷ್ಟ್ರ ಕಣ್ಣು ಅಲ್ಲಿ ಇರಲೇಬೇಕು. ಈಗ ಆ ಕೈಗಳು ಮೊಬೈಲಿನ ಮೇಲಿವೆ. ಆದೋನಿ, ಕೋಸಿಗಿ, ಕೌತಾಳಂ, ಹೊಳಗುಂದ, ಆಲೂರು, ಎಲ್ಲಿಗೆ ಹೋದರೂ ಅಷ್ಟೇ.

ಇತ್ತೀಚಿನ ವರ್ಷಗಳಲ್ಲಿ ಒಂದು ವಿಚಿತ್ರ ನಡೆಯುತ್ತಿದೆ. ಬಾಹ್ಯಾಕಾಶದಲ್ಲಿ ಗುಂಡು ಹಾರಿಸುವ ನಲವತ್ತು ವರ್ಷದ ಹಿಂದಿನ ಆಟಗಳು ಒಂದೊಂದಾಗಿ ಎದ್ದು ಬರುತ್ತಿವೆ. ತೆಲುಗಿನ 'ಮಾಯಾಬಜಾರ್' 2010ರಲ್ಲಿ, ನಮ್ಮ 'ಕಸ್ತೂರಿ ನಿವಾಸ' 2014ರಲ್ಲಿ ಬಣ್ಣ ಬಳಿದುಕೊಂಡು ಮತ್ತೆ ಥಿಯೇಟರಿಗೆ ಬಂದವಲ್ಲ, ಹಾಗೆ. ಚಿಕ್ಕಂದಿನಲ್ಲಿ ಆಡಿದವರಿಗೆ ಈಗ ನಲವತ್ತು, ಐವತ್ತು ವಯಸ್ಸು. ಕೈಯಲ್ಲಿ ದುಡ್ಡಿದೆ, ಮನಸ್ಸಿನಲ್ಲಿ ಹಳೇ ನೆನಪಿದೆ. ಕಂಪನಿಗಳಿಗೆ ಇನ್ನೇನು ಬೇಕು?

ಆದರೆ ಈ ಮರುಹುಟ್ಟುಗಳಲ್ಲಿ ಅತಿ ಒಳ್ಳೆಯದು ಯಾವುದು ಅಂದರೆ ನನ್ನ ಉತ್ತರ ಬೇರೆ. ಅದು ಕೋಟಿಗಟ್ಟಲೆ ಖರ್ಚಿನದಲ್ಲ. ಬಿಟ್ಟಿ ಸಿಗುವ, ಹಳೇ ಕಂಪ್ಯೂಟರಿನಲ್ಲೂ ಓಡುವ, ಪೆಂಗ್ವಿನ್ ಹಕ್ಕಿಯ ಚಿತ್ರ ಇರುವ ಒಂದು ಲೆಕ್ಕದ ಆಟ. ಅದನ್ನು ಮುಂದಕ್ಕೆ ನಡೆಸುವ ಸರದಿ ಈಗ ನಮ್ಮಂಥ ಶಾಲೆಗಳದ್ದು ಅನ್ನುವುದು ನನ್ನ ವಾದ. ಸ್ವಲ್ಪ ಹಿಂದಿನಿಂದ ಹೇಳುತ್ತೇನೆ, ತಾಳ್ಮೆಯಿರಲಿ.

1978ರಲ್ಲಿ ಜಪಾನಿನ ಟೈಟೊ ಕಂಪನಿ 'ಸ್ಪೇಸ್ ಇನ್ವೇಡರ್ಸ್' ಅನ್ನುವ ಆಟ ತಂದಿತು. ಮಾಡಿದವರು ತೊಮೊಹಿರೊ ನಿಶಿಕಾಡೊ. ಮೇಲಿನಿಂದ ಸಾಲುಸಾಲಾಗಿ ಅನ್ಯಗ್ರಹದ ಜೀವಿಗಳು ಇಳಿಯುತ್ತವೆ, ಕೆಳಗಿನಿಂದ ನಾವು ಹೊಡೆಯಬೇಕು. ಹೊಡೆದಷ್ಟೂ ಉಳಿದವು ಜೋರಾಗಿ ಬರುತ್ತವೆ. ಇದರಲ್ಲಿ ಒಂದು ಮಜಾ ಇದೆ. ಆ ಕಾಲದ ಯಂತ್ರಕ್ಕೆ ಅಷ್ಟೊಂದು ಚಿತ್ರಗಳನ್ನು ಬೇಗ ಸರಿಸುವ ತಾಕತ್ತಿರಲಿಲ್ಲ. ಕೆಲವು ಸತ್ತ ಮೇಲೆ ಯಂತ್ರಕ್ಕೆ ಭಾರ ಕಡಿಮೆಯಾಗಿ ಮಿಕ್ಕವು ತಾವಾಗಿಯೇ ವೇಗವಾದವು. ಬಡ ಯಂತ್ರದ ಕೊರತೆಯೇ ಆಟದ ರುಚಿಯಾಯಿತು! ಅದರ ಬೆನ್ನಿಗೇ 1979ರಲ್ಲಿ 'ಗ್ಯಾಲಕ್ಸಿಯನ್' ಮತ್ತು 'ಆಸ್ಟರಾಯ್ಡ್ಸ್', 1980ರಲ್ಲಿ 'ಮಿಸೈಲ್ ಕಮಾಂಡ್', 1981ರಲ್ಲಿ 'ಗ್ಯಾಲಗ' ಬಂದವು.

ನಮ್ಮ ಕಡೆಗೆ ಇವು ಬಂದಿದ್ದು ತೊಂಬತ್ತರ ದಶಕದಲ್ಲಿ, ಟಿವಿಗೆ ಜೋಡಿಸುವ ಡಬ್ಬಿ ಮತ್ತು ಕ್ಯಾಸೆಟ್ಟಿನ ರೂಪದಲ್ಲಿ. ಕ್ಯಾಸೆಟ್ಟಿನ ಮೇಲೆ ಸಾವಿರಾರು ಆಟ ಇವೆ ಅಂತ ಅಚ್ಚು ಹಾಕಿರುತ್ತಿದ್ದರು. ಒಳಗೆ ನೋಡಿದರೆ ಅದೇ ನಾಲ್ಕಾರು ಆಟ ಹೆಸರು ಬದಲಿಸಿ ಸುತ್ತುತ್ತಿದ್ದವು. ನನ್ನ ವಯಸ್ಸಿನವರಿಗೆ ಇದು ಗೊತ್ತಿರುತ್ತದೆ.

ಈಗ ಈ ಹಳೇ ಆಟಗಳಿಗೆ ಹೇಗೆ ಜೀವ ಕೊಡುತ್ತಿದ್ದಾರೆ ನೋಡಿ. ಮೊದಲ ದಾರಿ, ಕಂಪನಿಯೇ ಹೊಸ ಚಿತ್ರ, ಹೊಸ ಸಂಗೀತ ಹಾಕಿ ಮಾರುವುದು. 2008ರಲ್ಲಿ 'ಸ್ಪೇಸ್ ಇನ್ವೇಡರ್ಸ್ ಎಕ್ಸ್‌ಟ್ರೀಮ್' ಬಂದದ್ದು ಹೀಗೆ. ಎರಡನೆಯ ದಾರಿ, ಅಭಿಮಾನಿಗಳಿಂದ ಮುಂಗಡ ದುಡ್ಡು ಎತ್ತುವುದು. 1987ರ 'ಆರ್-ಟೈಪ್' ಸರಣಿಗೆ 2019ರಲ್ಲಿ ಹಾಗೆ ಹಣ ಎತ್ತಿ 2021ರಲ್ಲಿ ಹೊಸ ಆಟ ತಂದರು. ಇಂಗ್ಲೆಂಡಿನ 'ಎಲೈಟ್' ಕೂಡ ಹಾಗೇ. ಡೇವಿಡ್ ಬ್ರಾಬೆನ್, ಇಯಾನ್ ಬೆಲ್ ಅನ್ನುವ ಇಬ್ಬರು ಹುಡುಗರು 1984ರಲ್ಲಿ ಮಾಡಿದ ಆಟ ಅದು. 2012ರಲ್ಲಿ ಅಭಿಮಾನಿಗಳಿಂದ 15 ಲಕ್ಷ ಪೌಂಡಿಗೂ ಹೆಚ್ಚು ಎತ್ತಿ, 2014ರ ಡಿಸೆಂಬರಿನಲ್ಲಿ 'ಎಲೈಟ್ ಡೇಂಜರಸ್' ಅಂತ ಬಿಟ್ಟರು.

'ಎಲೈಟ್' ಹೆಸರು ಬಂದಾಗ ಮೇಷ್ಟ್ರುಗಳು ತಿಳಿಯಬೇಕಾದ ಒಂದು ಸಂಗತಿ ಇದೆ. ಅದು ಮೊದಲು ಓಡಿದ್ದು 'ಬಿಬಿಸಿ ಮೈಕ್ರೋ' ಅನ್ನುವ ಪುಟ್ಟ ಕಂಪ್ಯೂಟರಿನಲ್ಲಿ. ಅದರ ನೆನಪಿನ ಜಾಗ ಬರೀ 32 ಕಿಲೋಬೈಟ್. ಇವತ್ತು ಮೊಬೈಲಿನಲ್ಲಿ ತೆಗೆದ ಒಂದು ಫೋಟೋ ಕೂಡ ಅದರಲ್ಲಿ ಹಿಡಿಸುವುದಿಲ್ಲ. ಅದೇ ಬಿಬಿಸಿ ಮೈಕ್ರೋವನ್ನು ನಮ್ಮ ಕೇಂದ್ರ ಸರ್ಕಾರ 1984-85ರಲ್ಲಿ 'ಕ್ಲಾಸ್' ಅನ್ನುವ ಯೋಜನೆಯಲ್ಲಿ ದೇಶದ 250 ಶಾಲೆಗಳಿಗೆ ಕೊಟ್ಟಿತ್ತು. ಭಾರತದ ಶಾಲೆಗೆ ಕಂಪ್ಯೂಟರ್ ಕಾಲಿಟ್ಟದ್ದು ಹಾಗೆ. ಒಂದೇ ಯಂತ್ರ. ಅಲ್ಲಿ ಇಬ್ಬರು ವಿದ್ಯಾರ್ಥಿಗಳು ಅದರೊಳಗೆ ಇಡೀ ಬ್ರಹ್ಮಾಂಡ ಕಟ್ಟಿದರು. ನಮ್ಮ ಎಷ್ಟು ಶಾಲೆಗಳಲ್ಲಿ ಕಂಪ್ಯೂಟರಿಗೆ ಬಟ್ಟೆ ಹೊದಿಸಿ, ಕೋಣೆಗೆ ಬೀಗ ಹಾಕಿ, ಇನ್ಸ್‌ಪೆಕ್ಷನ್ ದಿನ ಮಾತ್ರ ತೆಗೆಯುತ್ತಾರೆ ಅನ್ನುವುದನ್ನು ನಿಮಗೆ ಬಿಡಿಸಿ ಹೇಳಬೇಕಿಲ್ಲ.

ಮೂರನೆಯ ದಾರಿಯೇ ನನಗೆ ಮುಖ್ಯ. ಆಟದ ಒಳಗನ್ನೇ ಜನರಿಗೆ ತೆರೆದು ಕೊಟ್ಟುಬಿಡುವುದು. 1992ರ 'ಸ್ಟಾರ್ ಕಂಟ್ರೋಲ್ 2' ಅನ್ನುವ ಬಾಹ್ಯಾಕಾಶದ ಆಟಕ್ಕೆ ಇದಾಯಿತು. 2002ರಲ್ಲಿ ಅದನ್ನು ಮಾಡಿದವರು ಅದರ ಮೂಲ ಬರಹವನ್ನು, ಅಂದರೆ ಕಂಪ್ಯೂಟರಿಗೆ ಏನು ಮಾಡಬೇಕೆಂದು ಬರೆದ ಸೂಚನೆಗಳನ್ನು, ಮುಕ್ತವಾಗಿ ಬಿಟ್ಟರು. ಹಳೇ ಹೆಸರಿನ ಹಕ್ಕು ಅವರ ಹತ್ತಿರ ಇರಲಿಲ್ಲ. ಹಾಗಾಗಿ 'ದಿ ಉರ್-ಕ್ವಾನ್ ಮಾಸ್ಟರ್ಸ್' ಅಂತ ಹೊಸ ಹೆಸರಿಟ್ಟರು. ಸಂಬಳ ಇಲ್ಲದ ಅಭಿಮಾನಿಗಳು ಆ ಆಟವನ್ನು ಇಪ್ಪತ್ತು ವರ್ಷಕ್ಕೂ ಮೀರಿ ಹೊಸ ಹೊಸ ಕಂಪ್ಯೂಟರಿಗೆ ಹೊಂದಿಸುತ್ತ ಬಂದಿದ್ದಾರೆ.

ಹತ್ತಿ ಬೆಳೆಯುವ ಸೀಮೆಯವರಿಗೆ ಈ ವ್ಯತ್ಯಾಸ ಬೇಗ ಅರ್ಥವಾಗುತ್ತದೆ. ಹೈಬ್ರಿಡ್ ಹತ್ತಿಬೀಜ ತಂದರೆ ಪ್ರತಿ ವರ್ಷವೂ ಅಂಗಡಿಗೇ ಹೋಗಬೇಕು. ಜವಾರಿ ಬೀಜವಾದರೆ ಮನೆಯಲ್ಲೇ ಎತ್ತಿಡಬಹುದು, ಪಕ್ಕದ ಹೊಲದವರಿಗೂ ಒಂದು ಬೊಗಸೆ ಕೊಡಬಹುದು, ನಮ್ಮ ಭೂಮಿಗೆ ಒಗ್ಗುವುದನ್ನು ಆರಿಸಿಕೊಳ್ಳಬಹುದು. ಕಂಪನಿ ಮಾರುವ ಆಟ ಹೈಬ್ರಿಡ್ ಬೀಜ. ಒಳಗು ತೆರೆದ ಆಟ ಜವಾರಿ ಬೀಜ. ಇಳುವರಿ ಯಾವುದರದ್ದು ಹೆಚ್ಚು ಅನ್ನುವ ಜಗಳ ಬೇರೆ. ಬೀಜ ಯಾರ ಕೈಯಲ್ಲಿದೆ ಅನ್ನುವುದು ನಮ್ಮಂಥ ಸಣ್ಣ ಭಾಷಾ ಗುಂಪಿಗೆ ಬದುಕಿನ ಪ್ರಶ್ನೆ.

ಈಗ ಪೆಂಗ್ವಿನ್ ಆಟಕ್ಕೆ ಬರೋಣ.

1980ರ 'ಮಿಸೈಲ್ ಕಮಾಂಡ್' ಅಮೆರಿಕದ ಅಟಾರಿ ಕಂಪನಿಯದು. ಡೇವ್ ಥ್ಯೂರರ್ ಅನ್ನುವವರು ಮಾಡಿದ್ದು. ಅಮೆರಿಕ, ರಷ್ಯಾ ಅಣುಬಾಂಬು ಹಿಡಿದು ಎದುರುಬದುರು ನಿಂತಿದ್ದ ಕಾಲ. ಮೇಲಿನಿಂದ ಕ್ಷಿಪಣಿ ಬೀಳುತ್ತವೆ, ಕೆಳಗೆ ಆರು ಊರುಗಳಿವೆ, ಕಾಪಾಡಬೇಕು. ಎಷ್ಟು ಆಡಿದರೂ ಗೆಲುವಿಲ್ಲ. ಕೊನೆಗೆ ಎಲ್ಲ ಊರೂ ಬೂದಿಯಾಗಿ 'ಮುಗಿಯಿತು' ಅಂತ ಬರುತ್ತದೆ. ಆ ಆಟ ಮಾಡುವಾಗ ಥ್ಯೂರರ್ ಅವರಿಗೆ ರಾತ್ರಿ ಬಾಂಬು ಬೀಳುವ ಕನಸು ಬೀಳುತ್ತಿತ್ತಂತೆ.

2001ರಲ್ಲಿ ಬಿಲ್ ಕೆಂಡ್ರಿಕ್ ಅನ್ನುವ ಪ್ರೋಗ್ರಾಮರು ಈ ಭಯಂಕರ ಆಟದ ಅಸ್ಥಿಪಂಜರ ತೆಗೆದುಕೊಂಡು ಅದರಲ್ಲಿ ಮಗ್ಗಿ ತುಂಬಿದರು! ಆಟದ ಹೆಸರು 'ಟಕ್ಸ್‌ಮ್ಯಾಥ್'. ಟಕ್ಸ್ ಅಂದರೆ ಲಿನಕ್ಸಿನ ಪೆಂಗ್ವಿನ್. ಮೇಲಿನಿಂದ ಬೀಳುವುದು ಕ್ಷಿಪಣಿಯಲ್ಲ, ಧೂಮಕೇತು. ಅದರ ಮೇಲೆ 7 × 8 ಅಂತ ಲೆಕ್ಕ ಬರೆದಿರುತ್ತದೆ. ಮಗು 56 ಅಂತ ಒತ್ತಿ ಎಂಟರ್ ಹೊಡೆದರೆ ಕೆಳಗಿನ ಪೆಂಗ್ವಿನ್ ಬೆಳಕಿನ ಬಾಣ ಬಿಟ್ಟು ಅದನ್ನು ಪುಡಿ ಮಾಡುತ್ತದೆ. ತಡವಾದರೆ ಧೂಮಕೇತು ಬಂದು ಹಿಮದ ಮನೆಗೆ ಬಡಿಯುತ್ತದೆ. ಒಳಗೆ ಪುಟ್ಟ ಪೆಂಗ್ವಿನ್‌ಗಳಿವೆ, ಪಾಪ. ಬೀಜ ಜವಾರಿ: ಯಾರು ಬೇಕಾದರೂ ನಕಲು ಮಾಡಬಹುದು, ಹಂಚಬಹುದು, ಒಳಗೆ ತಿದ್ದಬಹುದು. ಲಿನಕ್ಸಿನಲ್ಲೂ ಓಡುತ್ತದೆ, ವಿಂಡೋಸಿನಲ್ಲೂ ಓಡುತ್ತದೆ, ಇಂಟರ್‌ನೆಟ್ ಬೇಕಿಲ್ಲ.

ನಾವು ಮಗ್ಗಿ ಕಲಿಸುವುದು ಹೇಗೆ? "ಏಳೊಂದ್ಲ ಏಳು, ಏಳೆರಡ್ಲ ಹದಿನಾಲ್ಕು" ಅಂತ ರಾಗವಾಗಿ. ಈ ರಾಗದ ಮೇಲೆ ನನಗೆ ಬಹಳ ಗೌರವ. ಅದು ಕನ್ನಡದ ಆಸ್ತಿ. ಸಾಯಂಕಾಲ ಊರ ಶಾಲೆಯಿಂದ ಆ ರಾಗ ಕೇಳಿಬಂದರೆ ಶಾಲೆ ಬದುಕಿದೆ ಅಂತ ಅರ್ಥ. ಆದರೆ ರಾಗಕ್ಕೆ ಒಂದು ದೋಷ ಇದೆ. ಅದು ಮೆಟ್ಟಿಲ ಹಾಗೆ, ಕೆಳಗಿನಿಂದಲೇ ಹತ್ತಬೇಕು. ನಡುವೆ ನಿಲ್ಲಿಸಿ "ಏಳೆಂಟ್ಲ ಎಷ್ಟಪ್ಪ?" ಅಂತ ಕೇಳಿ ನೋಡಿ. ಹುಡುಗ ಕಣ್ಣು ಮುಚ್ಚಿ ಏಳೊಂದ್ಲದಿಂದ ಶುರು ಮಾಡುತ್ತಾನೆ. ಸಂತೆಯಲ್ಲಿ ಏಳು ರೂಪಾಯಿಯ ಎಂಟು ವಸ್ತು ಕೊಂಡಾಗ ಅಂಗಡಿಯವನು ಅಷ್ಟು ಹೊತ್ತು ಕಾಯುವುದಿಲ್ಲ. ಧೂಮಕೇತುವೂ ಕಾಯುವುದಿಲ್ಲ. ಅದು ಸಾಲು ತಪ್ಪಿಸಿಯೇ ಬರುತ್ತದೆ, 7 × 8 ಆದ ಮೇಲೆ 4 × 9, ಆಮೇಲೆ 6 × 3. ರಾಗ ಹೊಲಕ್ಕೆ ಬಿತ್ತಿದ ಹಾಗೆ, ಆಟ ಕಳೆ ತೆಗೆದ ಹಾಗೆ. ಎರಡೂ ಬೇಕು.

ಇನ್ನೊಂದು ಗುಣ. ಮಗು ತಪ್ಪಿಸಿದ ಲೆಕ್ಕವನ್ನು ಆಟ ಮತ್ತೆ ಮತ್ತೆ ಕೇಳುವ ಹಾಗೆ ಇಡಬಹುದು. ಬಂದದ್ದನ್ನೇ ಕೇಳಿ ಹೊತ್ತು ಹಾಳು ಮಾಡಬೇಕಿಲ್ಲ. ಪಾಠದ ಕ್ರಮವೂ ಇದೆ, ಬರೀ ಅಂಕಿ ಒತ್ತುವುದರಿಂದ ಶುರುವಾಗಿ ಕೂಡುವುದು, ಕಳೆಯುವುದು, ಗುಣಿಸುವುದು, ಭಾಗಿಸುವುದು, ಋಣ ಸಂಖ್ಯೆಯವರೆಗೆ. ಈ ಪಾಠಗಳು ಸಾದಾ ಅಕ್ಷರದ ಕಡತಗಳು. ಎಷ್ಟರಿಂದ ಎಷ್ಟರವರೆಗೆ ಸಂಖ್ಯೆ ಬರಬೇಕು, ಎಷ್ಟು ಧೂಮಕೇತು, ಎಷ್ಟು ವೇಗ ಎಂಬುದನ್ನೆಲ್ಲ ಮೇಷ್ಟ್ರೇ ತಿದ್ದಿಕೊಳ್ಳಬಹುದು. ಅದಕ್ಕೆ ಎಂಜಿನಿಯರಿಂಗ್ ಬೇಡ, ನನ್ನ ಹಾಗೆ ಟಿಸಿಎಚ್ ಓದಿದವರಿಗೂ ಸಾಧ್ಯ.

ನಮ್ಮ ಸೀಮೆಗೆ ಈ ಗುಣ ಯಾಕೆ ಮುಖ್ಯ ಗೊತ್ತೇ? ನಮ್ಮಲ್ಲಿ 'ಸುಗ್ಗಿಗೆ ಹೋಗೋದು' ಅಂದರೆ ಹಬ್ಬಕ್ಕೆ ಹೋಗೋದಲ್ಲ, ವಲಸೆ ಹೋಗೋದು. ಮಳೆ ಕೈಕೊಟ್ಟರೆ ಕೋಸಿಗಿ, ಮಂತ್ರಾಲಯ, ಆದೋನಿ ಸುತ್ತಲಿನ ಕುಟುಂಬಗಳು ಗಂಟುಮೂಟೆ ಕಟ್ಟಿ ಗುಂಟೂರಿನ ಕಡೆ ಮೆಣಸಿನಕಾಯಿ ಬಿಡಿಸಲು, ಹತ್ತಿ ಬಿಡಿಸಲು ಹೊರಡುತ್ತವೆ. ಮಕ್ಕಳೂ ಜೊತೆಗೆ. ಬಾಗಿಲಿಗೆ ಬೀಗ, ಹಾಜರಿ ಪುಸ್ತಕದಲ್ಲಿ ಉದ್ದಕ್ಕೆ ಗೈರುಹಾಜರಿ. ತಿಂಗಳುಗಟ್ಟಲೆ ಆದ ಮೇಲೆ ಆ ಮಗು ವಾಪಸು ಬಂದಾಗ ತರಗತಿ ಭಾಗಾಕಾರಕ್ಕೆ ಹೋಗಿರುತ್ತದೆ, ಅದು ಇನ್ನೂ ನಾಲ್ಕರ ಮಗ್ಗಿಯಲ್ಲಿರುತ್ತದೆ. ಎಲ್ಲರ ಎದುರು ಎದ್ದು ನಿಂತು ಬರಲ್ಲ ಅನ್ನುವುದು ಅದಕ್ಕೆ ಸಾವು. ಎರಡು ಸಲ ಹಾಗಾದರೆ ಮೂರನೆಯ ದಿನ ಶಾಲೆಗೆ ಬರುವುದಿಲ್ಲ. ಆಟದ ಮುಂದೆ ಕೂತರೆ ಅದಕ್ಕೆ ಬರುವ ಜಾಗದಿಂದಲೇ ಶುರು. ತಪ್ಪಾದರೆ ಬೈಯುವವರಿಲ್ಲ, ನಗುವವರಿಲ್ಲ, ಹಿಮದ ಮನೆಯೊಂದು ಕರಗುತ್ತದೆ ಅಷ್ಟೆ. "ಸಾರ್, ಇನ್ನೊಂದ್ ಆಟ ಸಾರ್" ಅಂತ ಲೆಕ್ಕಕ್ಕಾಗಿ ಮಗು ಕೇಳುವುದು ಬೇರೆ ಯಾವ ಕಾಲದಲ್ಲಿ?

ಈ ಆಟದ ಒಳಗೇ 'ಫ್ಯಾಕ್ಟರಾಯ್ಡ್ಸ್' ಅನ್ನುವ ಇನ್ನೊಂದು ಆಟ ಇದೆ. ಅದು 1979ರ 'ಆಸ್ಟರಾಯ್ಡ್ಸ್' ಆಟದ ಮರುಹುಟ್ಟು. ತೇಲುವ ಬಂಡೆಗಳ ಮೇಲೆ ಸಂಖ್ಯೆ ಇರುತ್ತದೆ. 12 ಅಂತ ಬರೆದ ಬಂಡೆಯನ್ನು 2ರಿಂದಲೋ 3ರಿಂದಲೋ ಹೊಡೆದರೆ ಒಡೆಯುತ್ತದೆ. 5ರಿಂದ ಹೊಡೆದರೆ ಜಗ್ಗುವುದಿಲ್ಲ. ಅವಿಭಾಜ್ಯ ಅಪವರ್ತನ ಅನ್ನುವ ಹಲ್ಲು ಮುರಿಯುವ ಶಬ್ದವನ್ನು ಬೋರ್ಡಿನ ಮೇಲೆ ಬರೆದು ಮೂರು ದಿನ ವಿವರಿಸಿದರೂ ಇಷ್ಟು ಕಣ್ಣಿಗೆ ಕಟ್ಟುವುದಿಲ್ಲ.

ಹಾಗಂತ ಇದು ಸಂಜೀವಿನಿ ಅಲ್ಲ. ಏಳೆಂಟ್ಲ ಐವತ್ತಾರು ಯಾಕೆ ಆಯಿತು ಅನ್ನುವುದನ್ನು ಧೂಮಕೇತು ಕಲಿಸುವುದಿಲ್ಲ. ಅದಕ್ಕೆ ಹುಣಿಸೆಬೀಜ ಏಳೇಳರ ಎಂಟು ಸಾಲು ಇಟ್ಟು ಎಣಿಸಬೇಕು, ಮೇಷ್ಟ್ರು ಪಕ್ಕದಲ್ಲಿ ಕೂರಬೇಕು. ಅರ್ಥವಾದ ಮೇಲೆ ಚುರುಕು ಬರಲು ಆಟ. ಮೊದಲೇ ಆಟಕ್ಕೆ ಕೂರಿಸಿದರೆ ಹೆದರುವ ಮಕ್ಕಳು ಇನ್ನೂ ಹೆದರುತ್ತಾರೆ. ವೇಗ ಕಡಿಮೆ ಇಟ್ಟು ಶುರು ಮಾಡಬೇಕು.

ಈಗ ಭಾಷೆಯ ಮಾತು. ಅಂಕಿಗೆ ಮಾಧ್ಯಮ ಇಲ್ಲ. ಆದೋನಿಯಲ್ಲಿ ಕನ್ನಡ, ತೆಲುಗು, ಉರ್ದು ಮೂರು ಮಾಧ್ಯಮದ ಮಕ್ಕಳಿದ್ದಾರೆ. 7 × 8 ಮೂವರಿಗೂ ಒಂದೇ. ನಮ್ಮ ಮಕ್ಕಳು ಇಲ್ಲಿ ಯಾರಿಗೂ ಕಡಿಮೆಯಿಲ್ಲ ಅಂತ ತೋರಿಸಲು ಇದಕ್ಕಿಂತ ನೇರವಾದ ಕಣ ಸಿಗದು.

ಆದರೆ ಅಂಕಿಯಲ್ಲಿ ನಿಂತರೆ ಸಾಲದು. ಇದೇ ಬಳಗದ ಇನ್ನೊಂದು ಆಟ 'ಟಕ್ಸ್ ಟೈಪಿಂಗ್'. ಅದರಲ್ಲಿ ಎರಡು ಆಟ. ಒಂದರಲ್ಲಿ ಅಕ್ಷರ ಹೊತ್ತ ಮೀನು ಬೀಳುತ್ತವೆ, ಇನ್ನೊಂದರಲ್ಲಿ ಪದ ಹೊತ್ತ ಧೂಮಕೇತು ಬೀಳುತ್ತವೆ. ಪದ ಟೈಪ್ ಮಾಡಿದರೆ ಧೂಮಕೇತು ಪುಡಿ. ಪದಗಳ ಪಟ್ಟಿಯೂ ಸಾದಾ ಕಡತ, ನಾವೇ ಬರೆದು ಹಾಕಬಹುದು. ಅಲ್ಲಿ 'ಹತ್ತಿ', 'ಜೋಳ', 'ತುಂಗಭದ್ರೆ', 'ಆದೋನಿ ಕೋಟೆ' ಅಂತ ಬಂದರೆ ಹೇಗಿರುತ್ತದೆ ಯೋಚಿಸಿ! ಅಪ್ಪನ ಮೊಬೈಲಿನಲ್ಲಿ ಇಂಗ್ಲಿಷ್ ಅಕ್ಷರದಲ್ಲೇ ಕನ್ನಡ ಕುಟ್ಟುವ ಹುಡುಗ ಕೆ.ಪಿ. ರಾವ್ ಅವರ ಕೀಲಿಮಣೆ ವಿನ್ಯಾಸದಲ್ಲಿ ಕನ್ನಡವನ್ನು ಕನ್ನಡವಾಗಿ ಬರೆಯುವುದನ್ನು ಆಡುತ್ತಲೇ ಕಲಿಯುತ್ತಾನೆ.

ಇದರಲ್ಲಿ ಒಂದು ಕಷ್ಟ ಇದೆ, ಅದನ್ನು ಮುಚ್ಚಿಡಬಾರದು. ಇಂಥ ಆಟಗಳನ್ನು ಇಂಗ್ಲಿಷ್ ಅಕ್ಷರ ಮನಸ್ಸಿನಲ್ಲಿಟ್ಟು ಬರೆದಿರುತ್ತಾರೆ. ಇಂಗ್ಲಿಷಿನಲ್ಲಿ ಅಕ್ಷರ ಒಂದರ ಪಕ್ಕ ಒಂದು ಕೂರುತ್ತದೆ. ನಮ್ಮದು ಹಾಗಲ್ಲ. 'ಸ್ತ್ರೀ' ಅಂತ ಬರೆಯಲು ಒತ್ತು ಕೆಳಗೆ ಇಳಿಯಬೇಕು, ದೀರ್ಘ ಪಕ್ಕಕ್ಕೆ ಬರಬೇಕು. ಬರೀ ಜೋಡಿಸುತ್ತ ಹೋದರೆ ತೆರೆಯ ಮೇಲೆ ಒತ್ತಕ್ಷರ ಚೆಲ್ಲಾಪಿಲ್ಲಿ. ಅದಕ್ಕೆ 'ಪ್ಯಾಂಗೊ' ಅನ್ನುವ ತಂತ್ರಾಂಶದ ಸಹಾಯ ಬೇಕು, ಅದು ಭಾರತೀಯ ಲಿಪಿಗಳನ್ನು ಕೂಡಿಸುವ ಬಗೆ ತಿಳಿದದ್ದು. ಟಕ್ಸ್ ಆಟಗಳನ್ನು ಅದರ ಜೊತೆ ಹೊಂದಿಸುವ ದಾರಿಯನ್ನು ಅವುಗಳ ಕರ್ತರು ಮೊದಲೇ ಮಾಡಿಟ್ಟಿದ್ದಾರೆ. ಆದರೆ 'ಕನ್ನಡದಲ್ಲಿ ಸರಿ ಬರುತ್ತಿದೆಯೇ' ಅಂತ ಕೂತು ಪದ ಪದ ನೋಡುವವರು ಯಾರು? ಅಮೆರಿಕದವರು ನೋಡುವುದಿಲ್ಲ. ಬೆಂಗಳೂರಿನ ಇಂಗ್ಲಿಷ್ ಶಾಲೆಗೆ ಅದರ ಗರಜಿಲ್ಲ. ಗರಜು ಇರುವುದು ನಮಗೆ.

ಇನ್ನೂ ಒಂದು. ಟಕ್ಸ್‌ಮ್ಯಾಥ್ ಕೂಡ ಈಗ ಮುದಿಯಾಗುತ್ತಿದೆ. 2011ರ ಸುಮಾರಿಗೆ 2.0 ಸರಣಿ ಬಂದ ಮೇಲೆ ಕೆಲಸ ನಿಧಾನವಾಯಿತು. ಹಳೇ ಆಟಕ್ಕೆ ಮರುಹುಟ್ಟು ಕೊಟ್ಟ ಆಟಕ್ಕೇ ಈಗ ಮರುಹುಟ್ಟು ಬೇಕಾಗಿದೆ! ಆದರೆ ಬೀಜ ಜವಾರಿ ಅಂದೆನಲ್ಲ, ಕಣಜದಲ್ಲಿ ಇದೆ. ಯಾರ ಅಪ್ಪಣೆಯೂ ಬೇಡ, ತೆಗೆದು ಬಿತ್ತಬಹುದು.

ಗಡಿಯ ಕನ್ನಡಿಗರಿಗೆ ಇದೆಲ್ಲ ಆಗುವ ಮಾತೇ ಅನ್ನುವವರು ಕಾಸರಗೋಡಿನ ಕಡೆ ನೋಡಬೇಕು. ಕೇರಳ ಸರ್ಕಾರ 2001ರಲ್ಲಿ 'ಐಟಿ ಅಟ್ ಸ್ಕೂಲ್' ಯೋಜನೆ ಶುರು ಮಾಡಿ, ಕ್ರಮೇಣ ಶಾಲೆಗಳನ್ನೆಲ್ಲ ಮುಕ್ತ ತಂತ್ರಾಂಶಕ್ಕೆ ತಂದಿತು. 2017ರಲ್ಲಿ ಅದೇ 'ಕೈಟ್' ಅನ್ನುವ ಸಂಸ್ಥೆಯಾಯಿತು. ಸಣ್ಣ ಮಕ್ಕಳ ಕಂಪ್ಯೂಟರ್ ಪುಸ್ತಕಕ್ಕೆ ಅಲ್ಲಿ 'ಕಳಿಪ್ಪೆಟ್ಟಿ' ಅಂತ ಹೆಸರಿಟ್ಟರು, ಅಂದರೆ ಆಟದ ಪೆಟ್ಟಿಗೆ. ಆಟವಾಡುತ್ತಲೇ ಕಂಪ್ಯೂಟರ್ ಕಲಿಯಲಿ ಅಂತ. ಕಾಸರಗೋಡಿನ ಕನ್ನಡ ಮಾಧ್ಯಮದ ಮಕ್ಕಳು ಐಟಿ ಪಾಠವನ್ನು ಕನ್ನಡದಲ್ಲೇ ಓದುತ್ತಾರೆ. ಅವರಿಗೂ ಗಡಿಯ ಕಷ್ಟಗಳು ನೂರೆಂಟು ಇವೆ, ಇಲ್ಲ ಅನ್ನುವುದಿಲ್ಲ. ಆದರೆ ಬೀಜ ತೆರೆದಿದ್ದರಿಂದ ಸಣ್ಣ ಗುಂಪಿನ ಭಾಷೆಗೂ ಅಲ್ಲಿ ಜಾಗ ಮಾಡಿಕೊಡಲು ಆಯಿತು. ಕರ್ನಾಟಕದಲ್ಲೂ ಶಿಕ್ಷಕರಿಗಾಗಿ ಇರುವ 'ಕರ್ನಾಟಕ ಮುಕ್ತ ಶೈಕ್ಷಣಿಕ ಸಂಪನ್ಮೂಲ' ತಾಣದಲ್ಲಿ ಇಂಥ ತಂತ್ರಾಂಶಗಳನ್ನು ಬಳಸುವ ಬಗೆಯನ್ನು ಕನ್ನಡದಲ್ಲಿ ವಿವರಿಸಿದ್ದಾರೆ. ಚಿತ್ರ ಬಿಡಿಸುವ 'ಟಕ್ಸ್ ಪೇಂಟ್' ಕನ್ನಡಕ್ಕೆ ಬಂದಾಗಿದೆ. ಅಂದರೆ ನಾವು ಶೂನ್ಯದಿಂದ ಶುರು ಮಾಡಬೇಕಿಲ್ಲ.

ನಮ್ಮ ಪರಿಸ್ಥಿತಿ ನಿಮಗೆ ಗೊತ್ತು. 1953ರ ಅಕ್ಟೋಬರ್ 1ರಂದು ಬಳ್ಳಾರಿ ಜಿಲ್ಲೆ ಒಡೆದಾಗ ಆದೋನಿ, ಆಲೂರು, ರಾಯದುರ್ಗ ತಾಲೂಕುಗಳು ಆಂಧ್ರಕ್ಕೆ ಉಳಿದವು. ಅಂದಿನಿಂದ ಆಡಳಿತದ ಭಾಷೆ ಒಂದು, ಅಡುಗೆಮನೆಯ ಭಾಷೆ ಇನ್ನೊಂದು. 2019ರ ನವೆಂಬರಿನಲ್ಲಿ ಆಂಧ್ರ ಸರ್ಕಾರ ಪ್ರಾಥಮಿಕ ತರಗತಿಗಳಿಂದಲೇ ಇಂಗ್ಲಿಷ್ ಮಾಧ್ಯಮ ಅಂತ ಆದೇಶ ಹೊರಡಿಸಿತು. 2020ರ ಏಪ್ರಿಲಿನಲ್ಲಿ ಹೈಕೋರ್ಟು ಅದನ್ನು ರದ್ದು ಮಾಡಿತು. ಕೋರ್ಟು ಆದೇಶ ರದ್ದು ಮಾಡಬಹುದು, ತಂದೆತಾಯಿಯ ಮನಸ್ಸಿನಲ್ಲಿ ಕೂತದ್ದನ್ನು ರದ್ದು ಮಾಡಲು ಆಗುವುದಿಲ್ಲ. "ಕನ್ನಡ ಸಾಲೀಗ್ ಹಾಕಿದ್ರ ಕಂಪ್ಯೂಟರ್ ಬರ್ತದೇನ್ ಸಾರ್?" ಅಂತ ಅವರು ಕೇಳುತ್ತಾರೆ. ಅವರ ಕಣ್ಣಲ್ಲಿ ಕನ್ನಡ ಅಂದರೆ ನಿನ್ನೆ, ಕಂಪ್ಯೂಟರ್ ಅಂದರೆ ನಾಳೆ. ಇದಕ್ಕೆ ಭಾಷಣ ಉತ್ತರವಲ್ಲ. ರಾಜ್ಯೋತ್ಸವದ ದಿನ ಬಾವುಟ ಹಾರಿಸುವುದೂ ಪೂರ್ತಿ ಉತ್ತರವಲ್ಲ. ಪೋಷಕರ ಸಭೆಯ ದಿನ ಐದನೆಯ ಕ್ಲಾಸಿನ ಹುಡುಗಿ ಕಂಪ್ಯೂಟರಿನ ಮುಂದೆ ಕೂತು, ಕನ್ನಡ ಪದ ಹೊತ್ತ ಧೂಮಕೇತುಗಳನ್ನು ಪಟಪಟ ಉದುರಿಸುವುದನ್ನು ಅವಳ ಅವ್ವ ಕಣ್ಣಾರೆ ನೋಡಿದರೆ, ಅದು ಉತ್ತರ.

ಆಕ್ಷೇಪಣೆಗಳು ಬರುತ್ತವೆ. "ಮೊದಲೇ ಮೊಬೈಲ್ ಹುಚ್ಚು, ನೀವು ಶಾಲೆಯಲ್ಲೂ ಆಟ ಹಚ್ಚುತ್ತೀರಾ?" ಈ ಭಯ ಸುಳ್ಳಲ್ಲ. 2020ರ ಸೆಪ್ಟೆಂಬರಿನಲ್ಲಿ ಕೇಂದ್ರ ಸರ್ಕಾರ ಪಬ್‌ಜಿ ಮೊಬೈಲನ್ನು ನಿಷೇಧಿಸಿತು. 2025ರ ಆಗಸ್ಟಿನಲ್ಲಿ ದುಡ್ಡು ಕಟ್ಟಿ ಆಡುವ ಆನ್‌ಲೈನ್ ಆಟಗಳ ವಿರುದ್ಧ ಕಾಯಿದೆಯೇ ಬಂತು. ಆದರೆ ಆಟ ಆಟಕ್ಕೂ ವ್ಯತ್ಯಾಸ ಇದೆ. ಮೊಬೈಲಿನ ಬಹಳಷ್ಟು ಆಟಗಳು ಮಗುವನ್ನು ಏಳಲು ಬಿಡದ ಹಾಗೆ ಹೆಣೆದವು. ನಡುವೆ ಜಾಹೀರಾತು, ನಡುವೆ 'ಇದನ್ನು ಕೊಳ್ಳು'. ಟಕ್ಸ್‌ಮ್ಯಾಥಿನಲ್ಲಿ ಕೊಳ್ಳುವುದು ಏನೂ ಇಲ್ಲ, ಮಾರುವವನೇ ಇಲ್ಲ. ಪಾಠ ಮುಗಿದರೆ ಮುಗಿಯಿತು. ಶಾಲೆಯ ಕೀಲಿಮಣೆ ಶಾಲೆಯಲ್ಲೇ ಇರುತ್ತದೆ. "ಗುಂಡು ಹೊಡೆಯುವುದನ್ನು ಕಲಿಸಬೇಕೇ?" ಅನ್ನುವವರಿಗೆ, ಇಲ್ಲಿ ಮನುಷ್ಯರಿಗೆ ಹೊಡೆಯುವುದಿಲ್ಲ, ಲೆಕ್ಕಕ್ಕೆ ಹೊಡೆಯುತ್ತೇವೆ. ಊರು ಉಳಿಸುವ ಆಟ ಇದು. ದೀಪಾವಳಿ ಪಟಾಕಿಗಿಂತ ಸೌಮ್ಯ.

"ಕಂಪ್ಯೂಟರ್ ಮೂರು ಕೆಟ್ಟಿವೆ, ಒಂದೇ ಇದೆ" ಅನ್ನುವವರು ಇದ್ದಾರೆ. ಒಂದೇ ಸಾಕು. ಒಬ್ಬಳು ಕೀಲಿ ಒತ್ತಲಿ, ಹಿಂದೆ ನಿಂತ ಹತ್ತು ಜನ ಉತ್ತರ ಕೂಗಲಿ. ಆಗ ಹಳೇ ಮಗ್ಗಿ ರಾಗವೂ ಹೊಸ ಆಟವೂ ಒಂದೇ ಕೋಣೆಯಲ್ಲಿ ಕೂಡುತ್ತವೆ.

ಏನು ಮಾಡಬಹುದು? ನನಗೆ ತೋಚಿದ್ದು ಇಷ್ಟು.

1. ನಮ್ಮ ಭಾಗದ ಕನ್ನಡ ಮಾಧ್ಯಮ ಶಾಲೆಗಳಲ್ಲಿ ಓಡುವ ಸ್ಥಿತಿಯ ಒಂದಾದರೂ ಕಂಪ್ಯೂಟರಿಗೆ ಟಕ್ಸ್‌ಮ್ಯಾಥ್, ಟಕ್ಸ್ ಟೈಪಿಂಗ್ ಹಾಕೋಣ. ಒಂದು ಪೆನ್‌ಡ್ರೈವ್ ಸಾಕು, ಶಾಲೆಯಿಂದ ಶಾಲೆಗೆ ಕೈ ಬದಲಾಗಲಿ. ಪ್ರಧಾನೋಪಾಧ್ಯಾಯರ ಒಪ್ಪಿಗೆ ಪಡೆದೇ ಮಾಡೋಣ.

2. ಶನಿವಾರ ಮಧ್ಯಾಹ್ನ ಒಬ್ಬೊಬ್ಬರಿಗೆ ಹತ್ತೇ ನಿಮಿಷ. ಸುಗ್ಗಿಯಿಂದ ವಾಪಸು ಬಂದ ಮಕ್ಕಳಿಗೆ ಮೊದಲ ಸರದಿ.

3. ಪ್ರತಿ ಶಾಲೆಯೂ ತನ್ನ ಊರಿನ ನೂರು ಕನ್ನಡ ಪದ ಕೊಡಲಿ. ಬೆಳೆ, ಹಕ್ಕಿ, ಅಡುಗೆ, ಕುಲಕಸುಬಿನ ಸಾಮಾನು, ಹೊಲದ ಹೆಸರು. ಮಕ್ಕಳೇ ಅಜ್ಜ ಅಜ್ಜಿಯನ್ನು ಕೇಳಿ ಬರೆದು ತರಲಿ. ಟೈಪಿಂಗ್ ಆಟಕ್ಕೆ ಪಟ್ಟಿಯೂ ಆಯಿತು, ನಮ್ಮ ಸೀಮೆಯ ಮಾತಿನ ಒಂದು ಪುಟ್ಟ ನಿಘಂಟೂ ಆಯಿತು.

4. ನಮ್ಮ ಶಾಲೆಗಳಲ್ಲಿ ಓದಿ ಈಗ ಬೆಂಗಳೂರು, ಹೈದರಾಬಾದಿನಲ್ಲಿ ಸಾಫ್ಟ್‌ವೇರ್ ಕೆಲಸ ಮಾಡುವವರು ಇದ್ದಾರೆ. ಊರಿಗೆ ಬಂದಾಗ ನೋಟ್‌ಬುಕ್ಕು, ಪೆನ್ನು ಹಂಚಿ ಫೋಟೋ ತೆಗೆಸಿಕೊಂಡು ಹೋಗುತ್ತಾರೆ. ಒಳ್ಳೆಯದೇ. ಆದರೆ ಅವರನ್ನು ಈ ಸಲ ಬೇರೆ ಕೇಳೋಣ. ಒತ್ತಕ್ಷರ ಸರಿ ಬರುವ ಹಾಗೆ ಮಾಡಿಕೊಡಿ, ಆಟದ ಮೆನು ಕನ್ನಡಕ್ಕೆ ತನ್ನಿ, ಹೊಸ ಕಂಪ್ಯೂಟರಿನಲ್ಲಿ ಓಡುವ ಹಾಗೆ ಹೊಂದಿಸಿಕೊಡಿ. ಪದಗಳನ್ನು ನಾವು ಕೊಡುತ್ತೇವೆ, ಪರೀಕ್ಷೆಯನ್ನು ನಮ್ಮ ಮಕ್ಕಳು ಮಾಡುತ್ತಾರೆ. ಹತ್ತು ಜನ ವಾರಕ್ಕೆ ಎರಡು ಗಂಟೆ ಕೊಟ್ಟರೂ ಸಾಕು.

ದೊಡ್ಡ ಕಂಪನಿಗಳು ಹಳೇ ಆಟಕ್ಕೆ ಹೊಸ ಬಣ್ಣ ಬಳಿದು ಮಾರಲಿ, ಕೊಳ್ಳುವವರು ಕೊಳ್ಳಲಿ. ಅದರಲ್ಲಿ ಕನ್ನಡ ಬರುವುದಿಲ್ಲ, ಆದೋನಿಯ ಕನ್ನಡ ಅಂತೂ ಬರುವುದೇ ಇಲ್ಲ. ನಾವು ಎಣಿಕೆಗೆ ಸಿಗದಷ್ಟು ಸಣ್ಣ ಗಿರಾಕಿ. ಗಿರಾಕಿಯಾಗಿ ಕಾದು ಕೂತರೆ ನಮ್ಮ ಸರದಿ ಬರುವುದಿಲ್ಲ. ಬಿತ್ತುವವರಾಗಿ ಹೊರಟರೆ ಬೀಜ ಕೈಯಲ್ಲೇ ಇದೆ. ಮುಂದಿನ ಶನಿವಾರ ನಿಮ್ಮ ಶಾಲೆಯ ಕಂಪ್ಯೂಟರಿನ ಮೇಲಿನ ಬಟ್ಟೆ ತೆಗೆಯಿರಿ, ಧೂಳು ಒರೆಸಿ, ಸ್ವಿಚ್ ಹಾಕಿ ನೋಡಿ. ಓಡಿದರೆ ಅಲ್ಲಿಂದ ಶುರು ಮಾಡೋಣ. ಏನಂತೀರಿ ಮೇಷ್ಟ್ರೆ, ಏನಂತೀರಿ ಟೀಚರಮ್ಮ?